‘ಊರಿಗೆ ಹೋಗುತ್ತೇನೆ’ ಎಂಬುದು ಯಾವ ಕಾಲ?

ಮುಂಬಯಿಯ ಫೋರ್ಟ್ ಪ್ರದೇಶದಲ್ಲಿ, ಹಳೆಯ ಕಟ್ಟಡವೊಂದರ ಎರಡನೆಯ ಮಾಳಿಗೆಯಲ್ಲಿ ನಡೆಯುತ್ತಿದ್ದ ಕನ್ನಡ ರಾತ್ರಿ ಶಾಲೆಯಲ್ಲಿ ನಾನು ಏಳು ವರ್ಷ ವ್ಯಾಕರಣ ಹೇಳಿಕೊಟ್ಟಿದ್ದೇನೆ. ಹಗಲು ಬ್ಯಾಂಕಿನ ಕೆಲಸ, ವಾರಕ್ಕೆ ಮೂರು ರಾತ್ರಿ ಪಾಠ, ಆಮೇಲೆ ಡೊಂಬಿವಲಿಯ ಗಾಡಿ. ಹಗಲಿನಲ್ಲಿ ಆ ಕೋಣೆ ಬೇರೆ ಯಾವುದೋ ಶಾಲೆಯದು. ಗೋಡೆಯ ಮೇಲೆ ಅವರ ಚಿತ್ರಗಳು, ಕಪ್ಪು ಹಲಗೆಯ ಮೂಲೆಯಲ್ಲಿ ಅವರು ಅಳಿಸದೆ ಬಿಟ್ಟ ಗುಣಾಕಾರದ ಲೆಕ್ಕ. ರಾತ್ರಿ ಎಂಟು ಗಂಟೆಗೆ ಅದು ನಮ್ಮದಾಗುತ್ತಿತ್ತು. ಕುಂದಾಪುರ, ಬೈಂದೂರು, ಕಾರ್ಕಳದ ಕಡೆಯಿಂದ ಬಂದು ಹೋಟೆಲುಗಳಲ್ಲಿ, ಕಚೇರಿ ಕ್ಯಾಂಟೀನುಗಳಲ್ಲಿ ದುಡಿಯುತ್ತಿದ್ದ ಹುಡುಗರು ಒಬ್ಬೊಬ್ಬರಾಗಿ ಮೆಟ್ಟಿಲು ಹತ್ತಿ ಬರುತ್ತಿದ್ದರು. ಅಂಗಿಗೆ ಒಗ್ಗರಣೆಯ ವಾಸನೆ, ಕಪ್ಪು ಬಸಿ ತೊಳೆದು ತೊಳೆದು ಬಿಳಿಚಿ ಸುಕ್ಕುಗಟ್ಟಿದ ಬೆರಳ ತುದಿ. ಬೆಳಗಿನ ನಾಲ್ಕೂವರೆಗೆ ಎದ್ದವರು ಅವರು. ಒಂಬತ್ತು ಗಂಟೆಯ ಹೊತ್ತಿಗೆ ಒಬ್ಬಿಬ್ಬರ ತಲೆ ಬೆಂಚಿನ ಮೇಲೆ ಒರಗುತ್ತಿತ್ತು. ನಾವು ಯಾರೂ ಅವರನ್ನು ಎಬ್ಬಿಸುತ್ತಿರಲಿಲ್ಲ.

1987ರ ಮಳೆಗಾಲದ ಒಂದು ರಾತ್ರಿ. ಕಾಲಸೂಚಕ ಪ್ರತ್ಯಯಗಳ ಪಾಠ. ಹಲಗೆಯ ಮೇಲೆ ಮೂರು ಗೆರೆ ಎಳೆದು ಹೋದನು, ಹೋಗುತ್ತಾನೆ, ಹೋಗುವನು ಎಂದು ಬರೆದು, ಭೂತ, ವರ್ತಮಾನ, ಭವಿಷ್ಯತ್ ಎಂದು ತಲೆಬರಹ ಕೊಟ್ಟಿದ್ದೆ. ಹಿಂದಿನ ಬೆಂಚಿನಿಂದ ಬೈಂದೂರಿನ ಕಡೆಯ ಹುಡುಗನೊಬ್ಬ ಎದ್ದು ನಿಂತ. ಹದಿನಾಲ್ಕು ವರ್ಷವಿರಬಹುದು; ಹತ್ತಿರದ ಹೋಟೆಲೊಂದರಲ್ಲಿ ಟೇಬಲ್ ಒರೆಸುತ್ತಿದ್ದ.

“ಸರ್, ‘ನಾನು ಊರಿಗೆ ಹೋಗುತ್ತೇನೆ’ ಎಂಬುದು ಯಾವ ಕಾಲ?”

“ವರ್ತಮಾನ. ಉತ್ತ ಪ್ರತ್ಯಯ ಇದೆಯಲ್ಲ?”

“ಆದರೆ ನಾನು ಈಗ ಇಲ್ಲೇ ನಿಂತಿದ್ದೇನೆ, ಸರ್.”

“ಹಾಗಾದರೆ ಭವಿಷ್ಯತ್ ಎಂದು ಇಟ್ಟುಕೋ. ಮಾತಿನಲ್ಲಿ ಹಾಗೆ ಬಳಸುತ್ತೇವೆ. ಅದಕ್ಕೆ ಕಾಲಪಲ್ಲಟ ಎನ್ನುತ್ತಾರೆ.”

“ಭವಿಷ್ಯತ್ ಆದರೆ ಯಾವಾಗ ಎಂದು ಇರಬೇಕಲ್ಲ, ಸರ್?”

ತರಗತಿಯಲ್ಲಿ ಯಾರೂ ನಗಲಿಲ್ಲ. ಅವನು ಬೊಂಬಾಯಿಗೆ ಬಂದು ಎರಡು ವರ್ಷ ದಾಟಿತ್ತು, ಒಮ್ಮೆಯೂ ಊರಿಗೆ ಹೋಗಿರಲಿಲ್ಲ ಎಂಬುದು ಎಲ್ಲರಿಗೂ ಗೊತ್ತಿತ್ತು. ಚೌತಿ ಕಳೆಯಲಿ ಎಂದು ಒಮ್ಮೆ, ದೀಪಾವಳಿ ಕಳೆಯಲಿ ಎಂದು ಇನ್ನೊಮ್ಮೆ ರಜೆ ಮುಂದಕ್ಕೆ ಹೋಗಿತ್ತು. ನನಗೆ ಹತ್ತು ಗಂಟೆಯ ಗಾಡಿಯ ಚಿಂತೆ. “ಪರೀಕ್ಷೆಯಲ್ಲಿ ವರ್ತಮಾನ ಎಂದು ಬರೆ” ಎಂದೆ. ಹಲಗೆ ಒರೆಸಿದೆ.

ರೈಲಿನಲ್ಲಿ ಕಟ್ಟಿದ ಶಾಲೆ

ಆ ಪ್ರಶ್ನೆ ನನ್ನನ್ನು ಬಿಡಲಿಲ್ಲ. ಅದಕ್ಕೆ ಉತ್ತರ ಹೇಳಬಲ್ಲ ಜಾಗವೊಂದು ಇರಬೇಕಿತ್ತು ಎಂದು ಆ ರಾತ್ರಿಯೇ, ಬಹುಶಃ ಕುರ್ಲಾ ದಾಟುವ ಹೊತ್ತಿಗೆ, ಅನ್ನಿಸಿತ್ತು. ಮೂವತ್ತು ವರ್ಷಗಳ ರೈಲು ಪ್ರಯಾಣದಲ್ಲಿ ನಾನು ಆ ಜಾಗವನ್ನು ಮನಸ್ಸಿನಲ್ಲೇ ಕಟ್ಟಿದೆ. ಅದಕ್ಕೆ ಕಾಲಶಾಲೆ ಎಂದು ಹೆಸರಿಟ್ಟೆ. ಕಾಲ ಎಂದರೇನು ಎಂಬ ಒಂದೇ ವಿಷಯವನ್ನು ಓದುವ, ವಾದಿಸುವ, ಹೇಳಿಕೊಡುವ ಪೀಠ. ಅದು ಎಲ್ಲಿಯೂ ಇಲ್ಲ. ಆದರೆ ಅದರ ಮೆಟ್ಟಿಲು ಎಷ್ಟು, ಕಿಟಕಿ ಯಾವ ದಿಕ್ಕಿಗೆ, ನೀರಿನ ಮಡಕೆ ಎಲ್ಲಿ ಎಂಬುದೆಲ್ಲ ನನಗೆ ಗೊತ್ತು.

ಮೊದಮೊದಲು ನಾನು ಕಲ್ಪಿಸಿಕೊಂಡಿದ್ದು ದೊಡ್ಡ ಕಟ್ಟಡವನ್ನು. ಹುಲ್ಲುಹಾಸು, ಗ್ರಂಥಾಲಯ, ಕಮಾನಿನ ಬಾಗಿಲು. ವರ್ಷ ಕಳೆದಂತೆ ಅವೆಲ್ಲ ಒಂದೊಂದಾಗಿ ಉದುರಿ ಹೋದವು. ಕೊನೆಗೆ ಉಳಿದಿದ್ದು ಅದೇ ಎರಡನೆಯ ಮಾಳಿಗೆಯ ಕೋಣೆ, ಅವೇ ಬೆಂಚುಗಳು. ಕಾಲದ ಬಗ್ಗೆ ಕೇಳುವ ಹಕ್ಕು ಮೊದಲು ಯಾರಿಗಿದೆ ಎಂದು ಯೋಚಿಸುತ್ತಾ ಹೋದರೆ ಬೇರೆ ಕಡೆ ತಲುಪಲು ಆಗುವುದಿಲ್ಲ. ಬಿಡುವಿದ್ದವನು ಕಾಲವನ್ನು ದೂರದಿಂದ ನೋಡುತ್ತಾನೆ. ತನ್ನ ಹೊತ್ತನ್ನು ತಿಂಗಳ ಸಂಬಳಕ್ಕೆ ಕೊಟ್ಟುಬಿಟ್ಟವನಿಗೆ ಅದರ ತೂಕ ಗೊತ್ತು. ಯಾವುದು ತನ್ನದು, ಯಾವುದು ತನ್ನದಲ್ಲ ಎಂದು ಅವನು ನಿಮಿಷದ ಲೆಕ್ಕದಲ್ಲಿ ಹೇಳಬಲ್ಲ. ಆದ್ದರಿಂದ ಕಾಲಶಾಲೆ ರಾತ್ರಿ ಶಾಲೆಯೇ ಆಗಬೇಕು. ಈ ಊರಿನ ಕನ್ನಡಿಗರು ತಮ್ಮ ಹುಡುಗರಿಗಾಗಿ ರಾತ್ರಿ ಶಾಲೆಗಳನ್ನು ತೆರೆದು ಎಷ್ಟೋ ತಲೆಮಾರುಗಳಾದವು. ಬೇರೆಯವರಿಗೆ ಮಾರಿದ ಹಗಲಿನ ಕೊನೆಯಲ್ಲಿ ಎರಡು ಗಂಟೆಯನ್ನು ಉಳಿಸಿಕೊಂಡು, ಅದನ್ನು ಅಕ್ಷರಕ್ಕೆ ಕೊಟ್ಟವರು ಇಲ್ಲಿ ವಕೀಲರಾದರು, ಲೇಖಕರಾದರು, ಹೋಟೆಲಿನ ಮಾಲೀಕರಾದರು. ಕಾಲವನ್ನು ಕುರಿತ ಇಷ್ಟು ದೊಡ್ಡ ಪ್ರಯೋಗ ನಮ್ಮ ಕಣ್ಣೆದುರೇ ನಡೆದಿದೆ. ಅದನ್ನು ನಾವು ‘ಕಷ್ಟಪಟ್ಟು ಓದಿದರು’ ಎಂಬ ಒಂದು ಮಾತಿನಲ್ಲಿ ಮುಗಿಸುತ್ತೇವೆ.

ಮೂವತ್ತೊಂಬತ್ತು ನಿಮಿಷ

ಕಾಲಶಾಲೆಯ ಗೋಡೆ ಗಡಿಯಾರ ಮೂವತ್ತೊಂಬತ್ತು ನಿಮಿಷ ಹಿಂದೆ ಇರುತ್ತದೆ. ಅದು ಕೆಟ್ಟಿಲ್ಲ, ಅದು ತೋರಿಸುವುದು ಬೊಂಬಾಯಿ ಸಮಯ.

ಈ ಊರಿಗೆ ಒಂದು ಕಾಲದಲ್ಲಿ ತನ್ನದೇ ಸಮಯ ಇತ್ತು. ಗ್ರೀನಿಚ್‌ಗಿಂತ 4 ಗಂಟೆ 51 ನಿಮಿಷ ಮುಂದೆ. ಮದ್ರಾಸಿನದು 5 ಗಂಟೆ 21 ನಿಮಿಷ. ರೈಲುಗಳು ಓಡುತ್ತಿದ್ದುದು ಮದ್ರಾಸಿನ ಲೆಕ್ಕದಲ್ಲಿ. 1881ರಲ್ಲಿ ಗವರ್ನರ್ ಜೇಮ್ಸ್ ಫರ್ಗುಸನ್ ಊರಿಗೂ ಮದ್ರಾಸ್ ಸಮಯವನ್ನೇ ತರಲು ಹೊರಟಾಗ ಜನ ಒಪ್ಪಲಿಲ್ಲ. ಎರಡು ವರ್ಷದಲ್ಲಿ ಆ ಆಜ್ಞೆಯನ್ನು ಹಿಂದಕ್ಕೆ ಪಡೆಯಬೇಕಾಯಿತು. 1906ರ ಜನವರಿ 1ರಿಂದ ಇಡೀ ದೇಶಕ್ಕೆ ಮಿರ್ಜಾಪುರದ ಬಳಿ ಹಾದುಹೋಗುವ 82.5 ಡಿಗ್ರಿ ರೇಖಾಂಶದ ಸಮಯ ಬಂದಾಗ ಮತ್ತೆ ಗಲಾಟೆ. ಅದೇ ತಿಂಗಳು ಗಿರಣಿ ಕಾರ್ಮಿಕರು ಪ್ರತಿಭಟನೆಗೆ ಇಳಿದರು. ಅವರ ಮಟ್ಟಿಗೆ ಅದು ಖಗೋಳದ ವಿಷಯವಾಗಿರಲಿಲ್ಲ. ಹೊಸ ಮುಳ್ಳಿನ ಪ್ರಕಾರ ಗಿರಣಿಯ ಬಾಗಿಲು ತೆರೆದರೆ ಮೂವತ್ತೊಂಬತ್ತು ನಿಮಿಷ ಮೊದಲೇ ಕತ್ತಲಲ್ಲಿ ಚಾಳಿನಿಂದ ಹೊರಡಬೇಕು. ಊರಿನ ಮಹಾನಗರಪಾಲಿಕೆ ತನ್ನ ಗಡಿಯಾರಗಳಲ್ಲಿ ಹಳೆಯ ಸಮಯವನ್ನು ದಶಕಗಟ್ಟಲೆ, ಸ್ವಾತಂತ್ರ್ಯ ಬಂದ ಮೇಲೂ ಕೆಲವು ವರ್ಷ, ಉಳಿಸಿಕೊಂಡಿತ್ತು. ಒಂದೇ ಊರಿನಲ್ಲಿ ಎರಡು ಸಮಯ. ಯಾರಾದರೂ ಐದು ಗಂಟೆಗೆ ಬರುತ್ತೇನೆ ಎಂದರೆ ಯಾವ ಐದು ಎಂದು ಕೇಳಬೇಕಾಗುತ್ತಿದ್ದ ಕಾಲ.

ಒಂದು ಡಿಗ್ರಿ ರೇಖಾಂಶಕ್ಕೆ ನಾಲ್ಕು ನಿಮಿಷ ಎಂದು ನಾವೆಲ್ಲ ಶಾಲೆಯಲ್ಲಿ ಓದಿದ್ದೇವೆ. ಮುಂಬಯಿ ಆ ರೇಖೆಯಿಂದ ಸುಮಾರು ಒಂಬತ್ತೂ ಮುಕ್ಕಾಲು ಡಿಗ್ರಿ ಪಶ್ಚಿಮಕ್ಕಿದೆ. ಹಾಗಾಗಿ ಇಲ್ಲಿ ಸೂರ್ಯ ನಡುಬಾನಿಗೆ ಬರುವುದು ಹನ್ನೆರಡಕ್ಕಲ್ಲ, ಸರಾಸರಿ 12 ಗಂಟೆ 39 ನಿಮಿಷಕ್ಕೆ. ಫೆಬ್ರವರಿಯಲ್ಲಿ 12.53ರವರೆಗೂ ಹೋಗುತ್ತದೆ, ನವೆಂಬರಿನ ಆರಂಭದಲ್ಲಿ 12.23ರ ಆಸುಪಾಸಿಗೆ ಬರುತ್ತದೆ. ಇದನ್ನು ಕಾಗದದ ಮೇಲೆ ಲೆಕ್ಕ ಹಾಕುವುದು ಬೇರೆ, ಕಣ್ಣಾರೆ ಕಾಣುವುದು ಬೇರೆ. ನಿವೃತ್ತನಾದ ಮೇಲಿನ ಮೊದಲ ಬೇಸಿಗೆ. ಮೇ ತಿಂಗಳ ನಡುವೆ ಒಂದು ದಿನ ಈ ಕಡೆ ಸೂರ್ಯ ನೆತ್ತಿಯ ಮೇಲೆ ನೇರವಾಗಿ ಬರುತ್ತಾನೆ, ನೆಟ್ಟಗೆ ನಿಂತ ವಸ್ತುವಿಗೆ ಆಗ ನೆರಳಿರುವುದಿಲ್ಲ. ಡೊಂಬಿವಲಿಯ ನಮ್ಮ ಕಟ್ಟಡದ ತಾರಸಿಯಲ್ಲಿ ನನ್ನ ಹೆಂಡತಿ ಹಳೆಯ ಸೀರೆ ಹಾಸಿ ಸಂಡಿಗೆ ಹಾಕಿದ್ದಳು. ನಾನು ಒಂದು ನೆಟ್ಟಗಿನ ಸ್ಟೀಲ್ ಡಬ್ಬಿ ಒಯ್ದು ಬಿಸಿಲಿನಲ್ಲಿ ಇಟ್ಟು, ತಲೆಗೆ ಟವೆಲ್ ಸುತ್ತಿಕೊಂಡು ಕುಳಿತೆ. ಹನ್ನೆರಡು ಗಂಟೆಗೆ ಡಬ್ಬಿಯ ಪಕ್ಕ ಎರಡು ಬೆರಳು ಅಗಲದ ನೆರಳು ಇತ್ತು. ಹನ್ನೆರಡೂಕಾಲಿಗೆ ಒಂದು ಬೆರಳು. ಅವಳು ಕಾಗೆ ಓಡಿಸುತ್ತಾ, ನನ್ನ ಮೊಬೈಲಿನತ್ತ ನೋಡದೆ, ನೀರಿನ ಟ್ಯಾಂಕಿನ ಬುಡವನ್ನು ನೋಡಿ, “ಇನ್ನೂ ಇದೆ, ಇನ್ನೂ ಇದೆ” ಎನ್ನುತ್ತಿದ್ದಳು. ಆಮೇಲೆ, “ಈಗ ನೋಡಿ, ಹೊತ್ತು ನೆತ್ತಿಗೆ ಬಂತು” ಎಂದಳು. ಡಬ್ಬಿಯ ಸುತ್ತ ಎಲ್ಲಿಯೂ ಕಪ್ಪಿಲ್ಲ. ಮೊಬೈಲಿನಲ್ಲಿ 12 ಗಂಟೆ 34 ನಿಮಿಷ.

ಹೊತ್ತು ಎಂದರೆ ಸಮಯ. ಹೊತ್ತು ಎಂದರೆ ಸೂರ್ಯನೂ ಹೌದು. ಹೊತ್ತು ಮೂಡಿತು, ಹೊತ್ತು ಮುಳುಗಿತು. ತುಳುವಿನ ಪೊರ್ತು ಎಂಬ ಮಾತಿಗೂ ಇವೆರಡೂ ಅರ್ಥ. ಆ ಒಂದು ಕ್ಷಣ ತಾರಸಿಯ ಮೇಲೆ ಎರಡೂ ಅರ್ಥ ಒಂದೇ ಆಗಿದ್ದವು. ನಾಲ್ಕು ದಶಕ ಬೆಳಗಿನ 8.13ರ ಗಾಡಿಗೆ ಓಡಿದ ನನಗೆ, ನಾನಿರುವ ಜಾಗಕ್ಕೆ ಅದರದೇ ಒಂದು ಮಧ್ಯಾಹ್ನ ಇದೆ ಎಂದು ತಿಳಿದಿದ್ದು ಆವತ್ತು.

ಆಗಲೇ ಇನ್ನೊಂದು ಹೊಳೆಯಿತು. ನಮ್ಮ ರಾತ್ರಿ ಶಾಲೆಯ ತರಗತಿ ಎಂಟು ಗಂಟೆಗೆ. ಹೋಟೆಲಿನ ಸಂಜೆಯ ಗಿರಾಕಿಗಳು ಕರಗಿ, ಟೇಬಲ್ ಒರೆಸಿ, ಕೈ ತೊಳೆದು ಹುಡುಗರು ಬರುವಾಗ ಎಂಟೂವರೆ, ಎಂಟೂ ನಲವತ್ತು. ಬಾಗಿಲಲ್ಲಿ ನಿಂತು “ಸರ್, ಬರಬಹುದೇ?” ಎಂದು ಕೇಳುವವರನ್ನು ನಾನು ಎಷ್ಟು ಸಲ ಗದರಿಸಿದ್ದೇನೆ! ಬೊಂಬಾಯಿ ಸಮಯದಲ್ಲಿ ಅವರು ಸರಿಯಾಗಿ ಎಂಟಕ್ಕೇ ಬರುತ್ತಿದ್ದರು. ಕಾಲಶಾಲೆಯಲ್ಲಿ ತಡವಾಗಿ ಬಂದವರು ಎಂಬ ಪಟ್ಟಿ ಇಲ್ಲ.

ಚಕ್ರ ತಿರುಗುವುದಿಲ್ಲ

ನಡುವೆ ಮೂರು ವರ್ಷ ನನಗೆ ಪುಣೆಗೆ ವರ್ಗವಾಗಿತ್ತು. ಅಲ್ಲಿ ಸಂಸ್ಕೃತ ಬಲ್ಲ ಸ್ನೇಹಿತರೊಬ್ಬರಿಗೆ ಒಮ್ಮೆ ಆ ಹುಡುಗನ ಪ್ರಶ್ನೆ ಹೇಳಿದೆ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದು, “ಇದು ಪತಂಜಲಿಯ ಪ್ರಶ್ನೆಯಲ್ಲವೇ?” ಎಂದರು. ವರ್ತಮಾನಕ್ಕೆ ಯಾವ ಪ್ರತ್ಯಯ ಎಂದು ಹೇಳುವ ಪಾಣಿನಿಯ ವ್ಯಾಕರಣದ ‘ವರ್ತಮಾನೇ ಲಟ್’ ಎಂಬ ಸೂತ್ರಕ್ಕೆ, ಪತಂಜಲಿ ಬರೆದ ವ್ಯಾಖ್ಯಾನವಾದ ಮಹಾಭಾಷ್ಯದಲ್ಲಿ ನಡೆಯುವ ಚರ್ಚೆಯನ್ನು ತೆಗೆದು ಓದಿ ಹೇಳಿದರು. ಎರಡು ಸಾವಿರ ವರ್ಷಕ್ಕೂ ಹಿಂದಿನ ಮಾತು. ವರ್ತಮಾನ ಎಂಬ ಕಾಲವೇ ಇಲ್ಲ ಎನ್ನುವವರ ಶ್ಲೋಕ ಅಲ್ಲಿದೆ: ಚಕ್ರ ತಿರುಗುವುದಿಲ್ಲ, ಬಾಣ ಹಾರುವುದಿಲ್ಲ, ನದಿಗಳು ಸಮುದ್ರದತ್ತ ಹರಿಯುವುದಿಲ್ಲ. ಆಗಿಹೋದದ್ದು ಆಗಿಹೋಯಿತು, ಆಗಬೇಕಾದದ್ದು ಇನ್ನೂ ಆಗಿಲ್ಲ. ನಡುವೆ ‘ಆಗುತ್ತಿದೆ’ ಎನ್ನಲು ಜಾಗ ಎಲ್ಲಿ? ಇದೇ ಗ್ರಂಥವನ್ನು ಪುಣೆಯ ಡೆಕ್ಕನ್ ಕಾಲೇಜಿನಲ್ಲಿದ್ದ ಜರ್ಮನ್ ವಿದ್ವಾಂಸ ಕೀಲ್‌ಹಾರ್ನ್ ಪರಿಷ್ಕರಿಸಿದ್ದು, ಅದು ಬೊಂಬಾಯಿಯ ಸಂಸ್ಕೃತ ಗ್ರಂಥಮಾಲೆಯಲ್ಲಿ ಸಂಪುಟ ಸಂಪುಟವಾಗಿ ಬಂದದ್ದು 1880ರ ದಶಕದ ಮೊದಲಾರ್ಧದಲ್ಲಿ. ಬೀದಿಯಲ್ಲಿ ಜನ ಯಾವ ಗಡಿಯಾರ ನಮ್ಮದು ಎಂದು ಜಗಳವಾಡುತ್ತಿದ್ದ ಅದೇ ವರ್ಷಗಳು.

ಆದರೆ ಆ ಚರ್ಚೆಯಲ್ಲಿ ನನ್ನನ್ನು ಹಿಡಿದು ನಿಲ್ಲಿಸಿದ್ದು ಚಕ್ರವಲ್ಲ, ಅದಕ್ಕೂ ಮುಂಚೆ ಬರುವ ಸಣ್ಣ ಮಾತು. ಆರಂಭವಾಗಿ ಇನ್ನೂ ನಿಲ್ಲದಿರುವುದಕ್ಕೆ ವರ್ತಮಾನವನ್ನು ಹೇಳಬೇಕು ಎನ್ನುತ್ತದೆ ಭಾಷ್ಯ. ಕೊಡುವ ಉದಾಹರಣೆಗಳು ‘ಇಲ್ಲಿ ಓದುತ್ತೇವೆ’, ‘ಇಲ್ಲಿ ವಾಸಿಸುತ್ತೇವೆ’. ಓದುವವನು ನಡುವೆ ನಿದ್ದೆ ಮಾಡುತ್ತಾನೆ, ಊಟ ಮಾಡುತ್ತಾನೆ, ಆಗಲೂ ಅವನು ಓದುತ್ತಿದ್ದಾನೆ ಎನ್ನಬಹುದೇ? ಎನ್ನಬಹುದು. ಉಣ್ಣುವವನು ಉಣ್ಣುತ್ತಲೇ ನಗುವುದಿಲ್ಲವೇ, ಮಾತಾಡುವುದಿಲ್ಲವೇ, ನೀರು ಕುಡಿಯುವುದಿಲ್ಲವೇ? ಆದರೂ ಉಣ್ಣುತ್ತಾನೆ ಎನ್ನುತ್ತೇವಲ್ಲ. ನನ್ನ ಕಣ್ಣ ಮುಂದೆ ಬೆಂಚಿಗೆ ತಲೆ ಒರಗಿಸಿದ ಹುಡುಗರು ಬಂದರು. ಅವರು ಓದುತ್ತಿದ್ದರು.

ಹಾಗಾದರೆ ‘ಊರಿಗೆ ಹೋಗುತ್ತೇನೆ’? ಅದು ಎಂದು ಆರಂಭವಾಯಿತು? ಬೈಂದೂರಿನಲ್ಲಿ ಬಸ್ಸು ಹತ್ತಿ, ಕಿಟಕಿಯಿಂದ ಅಮ್ಮನನ್ನು ನೋಡುತ್ತಾ “ಬರುತ್ತೇನೆ” ಎಂದನಲ್ಲ, ಅಂದೇ. ನಮ್ಮಲ್ಲಿ ಹೊರಡುವಾಗ ಯಾರೂ ‘ಹೋಗುತ್ತೇನೆ’ ಎನ್ನುವುದಿಲ್ಲ, ‘ಬರುತ್ತೇನೆ’ ಎನ್ನುತ್ತೇವೆ. ಬೊಂಬಾಯಿಗೆ ಹೊರಟ ಗಳಿಗೆಯಲ್ಲೇ ಊರಿಗೆ ಹೋಗುವುದೂ ಆರಂಭವಾಗಿರುತ್ತದೆ. ನಡುವೆ ಟೇಬಲ್ ಒರೆಸುವುದು, ಮದುವೆ, ಮಕ್ಕಳು, ಡೊಂಬಿವಲಿಯ ಮನೆಯ ಕಂತು. ಹೋಗುವುದು ಮಾತ್ರ ನಿಂತಿಲ್ಲ. ಆ ರಾತ್ರಿ ಅವನಿಗೆ ಇಷ್ಟನ್ನಾದರೂ ಹೇಳಬಹುದಿತ್ತು: ಅದು ವರ್ತಮಾನವೇ, ನೀನು ಇಲ್ಲಿ ನಿಂತಿದ್ದರೂ ಅದು ವರ್ತಮಾನವೇ.

ಇದು ನನಗೆ ಬಹಳ ದಿನ ಸಮಾಧಾನ ಕೊಟ್ಟಿತು. ಆಮೇಲೆ ಆ ಸಮಾಧಾನವೇ ಚುಚ್ಚತೊಡಗಿತು. ರಜೆ ಸಿಗದ ಹುಡುಗನಿಗೆ ‘ನೀನು ಹೋಗುತ್ತಲೇ ಇದ್ದೀಯಾ’ ಎಂದು ವ್ಯಾಕರಣದಲ್ಲಿ ಹೇಳುವುದು, ಅವನ ದಣಿಗಳು ‘ಮುಂದಿನ ತಿಂಗಳು ನೋಡೋಣ’ ಎಂದದ್ದಕ್ಕಿಂತ ಎಷ್ಟು ಬೇರೆ? ಅವನು ‘ಯಾವಾಗ?’ ಎಂದು ಕೇಳಿದ್ದ. ಭಾಷ್ಯ ಅದಕ್ಕೆ ಉತ್ತರಿಸುವುದಿಲ್ಲ. ಕಾಲಶಾಲೆಯಲ್ಲಿ ಆ ಪ್ರಶ್ನೆಗೆ ಬೇರೆ ತರಗತಿಯೇ ಬೇಕು.

ಒಂದು ಮಾತ್ರೆ

ಆ ತರಗತಿಗೆ ಯಾರನ್ನು ಕರೆಯುವುದು? ಕೇಂಬ್ರಿಜ್‌ನ ತತ್ತ್ವಜ್ಞಾನಿ ಮೆಕ್‌ಟ್ಯಾಗರ್ಟ್‌ರನ್ನು ಕರೆಯಬಹುದು. ಹಿಂದೆ-ಮುಂದೆ ಎಂಬ ಕ್ರಮ ಒಂದು, ಭೂತ-ವರ್ತಮಾನ-ಭವಿಷ್ಯತ್ ಎಂಬ ಕ್ರಮ ಇನ್ನೊಂದು ಎಂದು 1908ರಲ್ಲಿ ಬಿಡಿಸಿ ತೋರಿಸಿ, ಎರಡನೆಯದು ತನ್ನೊಳಗೇ ವಿರೋಧಿಸಿಕೊಳ್ಳುತ್ತದೆ, ಹಾಗಾಗಿ ಕಾಲವೇ ಸತ್ಯವಲ್ಲ ಎಂದವರು ಅವರು. ಮೊದಲ ಭಾಗವನ್ನು ಲೋಕಲ್ ರೈಲಿನ ಯಾವ ಪ್ರಯಾಣಿಕನೂ ಒಪ್ಪುತ್ತಾನೆ: 8.13 ಯಾವತ್ತೂ 8.17ಕ್ಕಿಂತ ಮೊದಲು, ಆದರೆ ‘ಈಗ ಬರುತ್ತಿದೆ’ ಎಂಬುದು ವೇಳಾಪಟ್ಟಿಯಲ್ಲಿ ಎಲ್ಲಿಯೂ ಬರೆದಿರುವುದಿಲ್ಲ. ದಿಗಂಬರ ಜೈನ ಪಂಡಿತರನ್ನೂ ಕರೆಯಬೇಕು. ಅವರ ಗ್ರಂಥಗಳಲ್ಲಿ ಕಾಲಕ್ಕೂ ಅಣುಗಳಿವೆ. ಲೋಕಾಕಾಶದ, ಎಂದರೆ ಲೋಕ ತುಂಬಿರುವ ಅವಕಾಶದ, ಒಂದೊಂದು ಬಿಂದುವಿನಲ್ಲಿ ಒಂದೊಂದು, ರತ್ನರಾಶಿಯಂತೆ ಒಟ್ಟಿಗಿದ್ದರೂ ಒಂದರೊಳಗೊಂದು ಬೆರೆಯದೆ. ಒಂದೇ ಕೋಣೆಯಲ್ಲಿ ಹನ್ನೆರಡು ಚಾಪೆ ಹಾಸಿ ಮಲಗುವ ಹೋಟೆಲ್ ಹುಡುಗರ ನಡುವೆ ಹೇಳಿದರೆ ಅದು ಕಷ್ಟದ ಮಾತಾಗದು. ಹಿಂದಿಯ ‘ಕಲ್’ ನಿನ್ನೆಯೂ ಹೌದು, ನಾಳೆಯೂ ಹೌದು. ಮರಾಠಿಯ ‘ಪರವಾ’ ಮೊನ್ನೆಯೂ ಹೌದು, ನಾಡಿದ್ದೂ ಹೌದು. ಊರಿನಿಂದ ಬಂದ ಮೊದಲ ವಾರದಲ್ಲೇ ಹುಡುಗರು ಈ ಗೊಂದಲವನ್ನು ದಾಟಿಬಿಡುತ್ತಾರೆ. ಅವರಿಗೆ ಕಾಲದ ತತ್ತ್ವ ಹೊಸದಲ್ಲ.

ಆದರೆ ‘ಯಾವಾಗ’ ಎಂಬುದರ ಅತ್ಯಂತ ಸೂಕ್ಷ್ಮವಾದ ತಿಳಿವಳಿಕೆ ಇರುವುದು ಕನ್ನಡದ ಕ್ರಿಯಾಪದದಲ್ಲೇ ಎಂದು ನನಗೆ ಈಗ ಅನ್ನಿಸುತ್ತದೆ. ನಾನು ಏಳು ವರ್ಷ ಪಾಠ ಮಾಡಿಯೂ ಅದನ್ನು ಕಂಡಿರಲಿಲ್ಲ. ಮೂರು ಕಾಲಗಳ ಪಾಠವಾದ ಮೇಲೆ ವಿಧ್ಯರ್ಥಕ, ನಿಷೇಧಾರ್ಥಕ, ಸಂಭಾವನಾರ್ಥಕ ಎಂದು ಮೂರು ರೂಪಗಳು ಬರುತ್ತವೆಯಲ್ಲ, ಅವುಗಳನ್ನು ನಾವು ಅವಸರದಲ್ಲಿ ಮುಗಿಸುತ್ತೇವೆ. ನಿಷೇಧಾರ್ಥಕವನ್ನು ನೋಡಿ: ಹೋಗೆನು. ಅದಕ್ಕೆ ಕಾಲವೇ ಇಲ್ಲ. ಹೋಗಲಿಲ್ಲ, ಹೋಗುವುದಿಲ್ಲ, ಮುಂದೆಯೂ ಹೋಗಲಾರೆ, ಎಲ್ಲವೂ ಅದರಲ್ಲಿದೆ. ಆಗದಿರುವುದಕ್ಕೆ ತಾರೀಖು ಬೇಕಿಲ್ಲ. ಇನ್ನು ಸಂಭಾವನಾರ್ಥಕ: ಹೋದೇನು. ಹೋಗುವ ಸಾಧ್ಯತೆ ಇದೆ ಎಂಬ ಅರ್ಥ. ಅದು ಮುಂದಿನದನ್ನು ಹೇಳುತ್ತದೆ, ಆದರೆ ಕಟ್ಟಿರುವುದು ‘ಹೋದ’ ಎಂಬ ಭೂತಕಾಲದ ರೂಪದ ಮೇಲೆ. ಹೋದೆನು ಎಂದರೆ ಹೋಗಿ ಆಗಿದೆ. ಹೋದೇನು ಎಂದರೆ ಹೋಗಬಹುದೇನೋ. ನಡುವೆ ಇರುವುದು ಒಂದು ದೀರ್ಘ. ಹ್ರಸ್ವಕ್ಕೆ ಒಂದು ಮಾತ್ರೆ, ದೀರ್ಘಕ್ಕೆ ಎರಡು; ಮಾತ್ರೆ ಎಂಬುದೂ ಕಾಲದ ಅಳತೆಯೇ. ಆದದ್ದಕ್ಕೂ ಆಗಬಹುದಾದದ್ದಕ್ಕೂ ನಡುವೆ ನಮ್ಮ ಭಾಷೆ ಇಟ್ಟಿರುವ ಅಂತರ ಒಂದು ಮಾತ್ರೆ. ಒಮ್ಮೆ ನಡೆದ ದಾರಿಯ ನೆನಪನ್ನು ಸ್ವಲ್ಪ ಎಳೆದು ಹೇಳಿದರೆ ಅದು ಆಸೆಯಾಗುತ್ತದೆ. ತೆಂಗಿನ ತೋಟದ ಬದಿಯ ಕಾಲುದಾರಿ, ಸಂಕ, ಅಂಗಳದ ತುಳಸಿ, ಇವೆಲ್ಲ ‘ಹೋದೆನು’ ಎಂಬುದರ ಒಳಗೆ ಇವೆ. ಅವಿಲ್ಲದೆ ‘ಹೋದೇನು’ ಎನ್ನಲು ಬಾಯಿ ಬಾರದು.

ರಾತ್ರಿ ಶಾಲೆ ಮುಚ್ಚಿ ಬಹಳ ವರ್ಷಗಳಾದವು. ಹುಡುಗರು ಬರುವುದು ಕಡಿಮೆಯಾಯಿತು. ಊರಿನಲ್ಲೇ ಈಗ ಬಹುತೇಕ ಎಲ್ಲರೂ ಹತ್ತನೆಯ ತರಗತಿ ಮುಗಿಸುತ್ತಾರೆ, ಅದು ಒಳ್ಳೆಯದೇ ಆಯಿತು. 1998ರಲ್ಲಿ ಕೊಂಕಣ ರೈಲು ಪೂರ್ತಿ ತೆರೆದ ಮೇಲೆ ಸುಮಾರು ಒಂದು ಹಗಲು ಒಂದು ರಾತ್ರಿ ಹಿಡಿಯುತ್ತಿದ್ದ ಬಸ್ಸಿನ ದಾರಿ ಒಂದು ರಾತ್ರಿಯ ಪ್ರಯಾಣವಾಯಿತು. ಆ ರೈಲಿಗೆ ಮಳೆಗಾಲಕ್ಕೇ ಬೇರೆ ವೇಳಾಪಟ್ಟಿ ಇದೆ, ಗುಡ್ಡ ಕುಸಿಯುವ ಭಯದಿಂದ ಗಾಡಿಗಳು ನಿಧಾನವಾಗಿ ಹೋಗುತ್ತವೆ. ಕಾಲ ಎಂಬ ಮಾತಿಗೆ ಸಮಯ ಎಂತಲೂ ಋತು ಎಂತಲೂ ಅರ್ಥವಿರುವ ಜನರಿಗೆ ಇದು ಸರಿಯಾಗಿಯೇ ಕಾಣುತ್ತದೆ. ನಮ್ಮ ಪತ್ರಿಕೆಗಳಲ್ಲಿ ಯಾರಾದರೂ ತೀರಿಕೊಂಡರೆ ‘ಕಾಲವಾದರು’ ಎಂದು ಬರೆಯುತ್ತೇವೆ. ನನ್ನ ಜೊತೆ ಪಾಠ ಹೇಳಿದ ಐವರಲ್ಲಿ ನಾಲ್ವರು ಹಾಗೆ ಕಾಲವಾಗಿದ್ದಾರೆ.

ಆ ಹುಡುಗನ ಬಗ್ಗೆ ಹೇಳಲು ಉಳಿದಿರುವುದು ಸ್ವಲ್ಪವೇ. 1988ರ ಮಾರ್ಚಿನ ಪರೀಕ್ಷೆಗೆ ನಾನೇ ಪ್ರಶ್ನೆಪತ್ರಿಕೆ ತೆಗೆದಿದ್ದೆ. ‘ಹೋಗು’ ಧಾತುವಿನ ಉತ್ತಮ ಪುರುಷ ಏಕವಚನ ರೂಪಗಳನ್ನು ಮೂರು ಕಾಲಗಳಲ್ಲಿ ಬರೆಯಿರಿ, ಮೂರು ಅಂಕ. ಅಷ್ಟು ಹೊತ್ತಿಗೆ ಸಂಭಾವನಾರ್ಥಕದ ಪಾಠವೂ ಮುಗಿದಿತ್ತು. ಅವನ ಅಕ್ಷರ ದುಂಡಗಿತ್ತು, ಬರೆಯುವಾಗ ಪೆನ್ಸಿಲನ್ನು ಒತ್ತಿ ಹಿಡಿಯುತ್ತಿದ್ದ, ಹಾಳೆಯ ಹಿಂಬದಿಯಲ್ಲೂ ಅಚ್ಚು ಮೂಡುತ್ತಿತ್ತು. ಭೂತಕಾಲದ ಎದುರು ‘ಹೋದೆನು’ ಎಂದು ಬರೆದಿದ್ದ. ವರ್ತಮಾನದ ಎದುರು, ನಾನು ಏನು ಬರೆಯಬೇಕೆಂದು ಹೇಳಿಕೊಟ್ಟಿದ್ದರೂ, ಖಾಲಿ ಬಿಟ್ಟಿದ್ದ. ಭವಿಷ್ಯತ್ತಿನ ಎದುರು ‘ಹೋದೇನು’ ಎಂದಿತ್ತು. ನಾನು ಆ ದೀರ್ಘಕ್ಕೆ ಕೆಂಪು ಶಾಯಿಯಲ್ಲಿ ಸುತ್ತು ಹಾಕಿ, ಪಕ್ಕದಲ್ಲಿ ‘ಹೋಗುವೆನು’ ಎಂದು ತಿದ್ದಿ, ಮೂರಕ್ಕೆ ಒಂದು ಕೊಟ್ಟೆ. ಜೂನ್‌ನಲ್ಲಿ ತರಗತಿ ಮತ್ತೆ ಆರಂಭವಾದಾಗ ಅವನು ಬರಲಿಲ್ಲ. ಊರಿಗೆ ಹೋದ ಎಂದು ಒಬ್ಬ ಹೇಳಿದ. ಇಲ್ಲ ಸರ್, ಪುಣೆಯ ಹೋಟೆಲಿಗೆ ಸೇರಿದ ಎಂದು ಇನ್ನೊಬ್ಬ. ಅವನ ಉತ್ತರ ಪತ್ರಿಕೆ ಹಿಂತಿರುಗಿಸುವ ಕಟ್ಟಿನಲ್ಲೇ ಉಳಿಯಿತು.